ಹಾಲಿನ ಲೆಕ್ಕ, ನೀರು ಬಂದ ದಿನ, ನಡೆದ ಹೆಜ್ಜೆ: ಚಿತ್ರ ಮಾಡಲು ಯಾವ ದಾರಿ ಹಿಡಿಯಬೇಕು?

ನಮ್ಮ ಅಡುಗೆಮನೆ ಬಾಗಿಲ ಹಿಂದೆ ಒಂದು ಕ್ಯಾಲೆಂಡರ್ ಇದೆ. ಅರ್ಧ ಲೀಟರ್ ಹಾಲು ತಗೊಂಡ ದಿನ ಒಂದು ಗೀಟು, ಒಂದು ಲೀಟರ್ ತಗೊಂಡ ದಿನ ಎರಡು ಗೀಟು, ಬೇಡ ಅಂದ ದಿನ ಸೊನ್ನೆ. ಹೊಸ ಸಿಲಿಂಡರ್ ಹಚ್ಚಿದ ದಿನಕ್ಕೆ ‘ಗ್ಯಾ’ ಅಂತ ಒಂದು ಅಕ್ಷರ. ನಲ್ಲಿ ನೀರು ಬಂದ ದಿನಕ್ಕೆ ನೀಲಿ ಚುಕ್ಕಿ. ಈ ಲೆಕ್ಕ ಶುರು ಮಾಡಿದ್ದು ನಮ್ಮತ್ತೆ. ಅವರಿಂದ ನನಗೆ ಬಂತು.

2023 ಮುಗಿದಾಗ ಹಳೆ ಕ್ಯಾಲೆಂಡರ್ ಇಳಿಸಿದೆ. ರದ್ದಿಗೆ ಹಾಕುವ ಮೊದಲು ಹನ್ನೆರಡು ಹಾಳೆಯನ್ನೂ ಮಂಚದ ಮೇಲೆ ಸಾಲಾಗಿ ಹರಡಿದೆ. ಆ ವರ್ಷ ಮಳೆ ಕೈಕೊಟ್ಟಿತ್ತು ಅಲ್ವಾ? ವರ್ಷದ ಮೊದಲಲ್ಲಿ ಹತ್ತಿರ ಹತ್ತಿರ ಇದ್ದ ನೀಲಿ ಚುಕ್ಕಿಗಳು ಕೊನೆ ಕೊನೆಗೆ ದೂರ ದೂರ ಸರಿದಿದ್ದವು. ಆ ಬರ ನಮ್ಮ ಅಡುಗೆಮನೆ ಬಾಗಿಲ ಹಿಂದೆಯೇ ಇತ್ತು, ನಾನೇ ದಿನಾ ಚುಕ್ಕಿ ಇಟ್ಟಿದ್ದೆ, ಆದರೂ ಕಂಡಿರಲಿಲ್ಲ. ಅವತ್ತಿನಿಂದ ದಿನದ ಲೆಕ್ಕವನ್ನು ಚಿತ್ರ ಮಾಡುವುದು ನನಗೆ ಬಿಡಲಾರದ ಕೆಲಸ ಆಯಿತು.

ನಾನು ದಾವಣಗೆರೆ ಮಂಡಿಪೇಟೆಯ ಒಂದು ಅಂಗಡಿಯಲ್ಲಿ ಲೆಕ್ಕ ಬರೆಯುತ್ತೇನೆ. ಹಗಲೆಲ್ಲ ಅಂಕಿ. ಅಂಗಡಿಯ ಅಂಕಿಯನ್ನು ಕೂಡಿ ಕಳೆದರೆ ಮುಗಿಯಿತು. ಮನೆಯ ಅಂಕಿಯನ್ನು ಕೂಡಿದರೆ ಏನೂ ಸಿಗುವುದಿಲ್ಲ. ಅದನ್ನು ಹರಡಿ ನೋಡಬೇಕು.

ಈಚೆಗೆ ಮೂವರು ತಮ್ಮ ಲೆಕ್ಕವನ್ನು ಹೇಗೆ ಚಿತ್ರ ಮಾಡುವುದು ಅಂತ ನನ್ನನ್ನು ಕೇಳಿದರು. ಒಬ್ಬ ಚಿತ್ರದುರ್ಗದ ಕಾಲೇಜು ಹುಡುಗ. ಮೂರು ವರ್ಷದ ಹೆಜ್ಜೆ ಲೆಕ್ಕ ಅವನ ಫೋನಿನಲ್ಲಿದೆ, ಲ್ಯಾಪ್‌ಟಾಪ್ ಇದೆ, ಕೋಡ್ ಕಲಿಯಲೋ ಕೈಯಲ್ಲೇ ಬರೆಯಲೋ ಗೊತ್ತಾಗುತ್ತಿಲ್ಲ. ಇನ್ನೊಬ್ಬರು ಇಲ್ಲೇ ವಿನೋಬ ನಗರದ ಅಕ್ಕ. ಗಂಡನ ಶುಗರ್ ಲೆಕ್ಕ ಬರೆದಿಟ್ಟಿದ್ದಾರೆ, ಅದನ್ನು ಹೆದರಿಕೆ ಹುಟ್ಟಿಸದ ಹಾಗೆ ಕಣ್ಣೆದುರು ಇಡಬೇಕು, ಐನೂರು ರೂಪಾಯಿ ಒಳಗೆ ಆಗಬೇಕು. ಮೂರನೆಯವರು ಹಿರಿಯೂರು ಕಡೆಯ ರೈತರು. ಬೋರ್‌ವೆಲ್ ಮೋಟಾರ್ ದಿನಕ್ಕೆ ಎಷ್ಟು ತಾಸು ಓಡಿತು ಅಂತ ಎಂಟು ವರ್ಷದಿಂದ ಡೈರಿಯಲ್ಲಿ ಬರೆದಿದ್ದಾರೆ. ಹೊಸ ಮನೆಯ ಗೋಡೆಗೆ ಅದು ಬೇಕಂತೆ. ಮೂವರಿಗೂ ಬೇರೆ ಬೇರೆ ಉತ್ತರ ಕೊಟ್ಟೆ. ಆ ಉತ್ತರಕ್ಕೆ ಹೇಗೆ ಬಂದೆ ಅನ್ನುವುದನ್ನು ಇಲ್ಲಿ ಬರೆಯುತ್ತೇನೆ. ನಿಮ್ಮದೂ ಇವರಲ್ಲಿ ಒಬ್ಬರ ಹತ್ತಿರ ಬರಬಹುದು.

ಮೊದಲು ಏನೇನು ನೋಡಬೇಕು

ಅಂಕಿ ಎಷ್ಟಿವೆ? ಮೂವತ್ತು ಇದ್ದರೆ ಒಂದು ದಾರಿ, ವರ್ಷಕ್ಕೆ 365 ಇದ್ದರೆ ಇನ್ನೊಂದು, ಸಾವಿರಗಟ್ಟಲೆ ಇದ್ದರೆ ಕೈಯಿಂದ ಆಗುವ ಮಾತಲ್ಲ.

ದಿನಕ್ಕೆ ಎಷ್ಟು ಹೊತ್ತು ಕೊಡುತ್ತೀರಿ? ಹುಮ್ಮಸ್ಸಿನಲ್ಲಿ ‘ಒಂದು ತಾಸು’ ಅನ್ನಬೇಡಿ. ಅಡುಗೆ, ಪಾತ್ರೆ, ಮಕ್ಕಳ ಓದು ಎಲ್ಲ ಮುಗಿದ ಮೇಲೆ ಉಳಿಯುವ ಹೊತ್ತು ಎಷ್ಟೋ ಅಷ್ಟು.

ಯಾರು ನೋಡಬಹುದು? ನಡೆದ ಹೆಜ್ಜೆಯನ್ನು ಯಾರು ನೋಡಿದರೂ ನಡೆಯುತ್ತದೆ. ಶುಗರ್, ಸಾಲ, ಮುಟ್ಟಿನ ದಿನ, ಯಾರ ಹತ್ತಿರ ಎಷ್ಟು ಸಲ ಮಾತಾಡಿದೆ ಅನ್ನುವುದು ಹಾಗಲ್ಲ. ಮನೆಯವರ ಲೆಕ್ಕ ಆಗಿದ್ದರೆ ಅವರನ್ನು ಕೇಳಿಯೇ ಮುಂದುವರಿಯಿರಿ.

ಎಷ್ಟು ದಿನ ಉಳಿಯಬೇಕು, ಎಷ್ಟು ದುಡ್ಡು ಇದೆ ಅನ್ನುವುದು ಆಮೇಲೆ.

ಇವೆಲ್ಲಕ್ಕಿಂತ ನಾನು ಜಾಸ್ತಿ ತೂಕ ಕೊಡುವುದು ಬೇರೆ ಒಂದಕ್ಕೆ. ಒಂದೊಂದು ಅಂಕಿಯೂ ನಿಮ್ಮ ಕೈಯಲ್ಲಿ ಎಷ್ಟು ಹೊತ್ತು ಇರುತ್ತದೆ? ಕಂಪ್ಯೂಟರ್‌ನಲ್ಲಿ ಸಾವಿರ ಅಂಕಿ ಒಂದು ಕ್ಷಣದಲ್ಲಿ ಚಿತ್ರವಾಗುತ್ತವೆ, ಒಂದೂ ನಿಮ್ಮ ಕೈ ಮುಟ್ಟುವುದಿಲ್ಲ. ಪೆನ್ಸಿಲ್‌ನಲ್ಲಿ ಒಂದು ಅಂಕಿಗೆ ಅರ್ಧ ನಿಮಿಷ. ಸೂಜಿ ದಾರದಲ್ಲಿ ಹತ್ತು ನಿಮಿಷ. ಆ ಹತ್ತು ನಿಮಿಷ ನೀವು ಆ ದಿನದ ಜೊತೆಗೇ ಕೂತಿರುತ್ತೀರಿ. ನಿಮಗೆ ಬೇಕಾಗಿರುವುದು ಅದೇನಾ, ಅಥವಾ ದೂರದಿಂದ ಕಾಣುವ ದೊಡ್ಡ ನೋಟವಾ? ಇದನ್ನು ತೀರ್ಮಾನ ಮಾಡಿದರೆ ಅರ್ಧ ಆಯ್ಕೆ ಮುಗಿದ ಹಾಗೆ.

ಅಂಚೆ ಕಾರ್ಡು, ಬಣ್ಣದ ಪೆನ್ಸಿಲ್ಲು

ಶುರು ಮಾಡುವವರಿಗೆಲ್ಲ ನಾನು ಮೊದಲು ಹೇಳುವುದು ಇದನ್ನೇ. 50 ಪೈಸೆಯ ಅಂಚೆ ಕಾರ್ಡು, ಒಂದು ಡಬ್ಬಿ ಬಣ್ಣದ ಪೆನ್ಸಿಲ್, ಸ್ಕೇಲು. ನನಗೆ ಮೊದಲ ಸಲ ಎಲ್ಲ ಸೇರಿ ನೂರೈವತ್ತು ರೂಪಾಯಿ ದಾಟಲಿಲ್ಲ.

ಈ ದಾರಿಯನ್ನು ಜಗತ್ತಿಗೆ ತೋರಿಸಿದವರು ಇಬ್ಬರು ಹೆಂಗಸರು. ನ್ಯೂಯಾರ್ಕ್‌ನಲ್ಲಿದ್ದ ಜಾರ್ಜಿಯಾ ಲೂಪಿ ಮತ್ತು ಲಂಡನ್‌ನಲ್ಲಿದ್ದ ಸ್ಟೆಫನಿ ಪೊಸಾವೆಕ್. ವಾರಕ್ಕೊಂದು ವಿಷಯ ಇಟ್ಟುಕೊಂಡು ಇಬ್ಬರೂ ಎಣಿಸುವುದು. ಎಷ್ಟು ಸಲ ಗಡಿಯಾರ ನೋಡಿದೆ, ಎಷ್ಟು ಸಲ ಥ್ಯಾಂಕ್ಸ್ ಹೇಳಿದೆ, ಎಷ್ಟು ಸಲ ಗೊಣಗಿದೆ. ವಾರದ ಕೊನೆಗೆ ಅದನ್ನು ಕಾರ್ಡಿನ ಮೇಲೆ ಬಿಡಿಸಿ ಒಬ್ಬರಿಗೊಬ್ಬರು ಅಂಚೆಗೆ ಹಾಕುವುದು. ಕಾರ್ಡಿನ ಒಂದು ಬದಿ ಚಿತ್ರ, ಇನ್ನೊಂದು ಬದಿ ಅದನ್ನು ಓದುವ ಸೂಚಿ. 2014ರಲ್ಲಿ ಶುರುವಾಗಿ 52 ವಾರ ನಡೆಯಿತು. 2016ರಲ್ಲಿ ನ್ಯೂಯಾರ್ಕ್‌ನ ಆಧುನಿಕ ಕಲಾ ಸಂಗ್ರಹಾಲಯ ಆ ಕಾರ್ಡುಗಳನ್ನು ತನ್ನ ಸಂಗ್ರಹಕ್ಕೆ ತೆಗೆದುಕೊಂಡಿತು. ಅವರಿಗಿಂತ ಎಷ್ಟೋ ಮೊದಲು, 1968ರಿಂದ 1979ರವರೆಗೆ, ಜಪಾನಿನ ಕಲಾವಿದ ಆನ್ ಕವಾರಾ ದಿನಕ್ಕೆ ಎರಡು ಕಾರ್ಡು ಕಳಿಸುತ್ತಿದ್ದರು. ಅದರ ಮೇಲೆ ತಾನು ಆವತ್ತು ಎಷ್ಟು ಹೊತ್ತಿಗೆ ಎದ್ದೆ ಅಂತ ರಬ್ಬರ್ ಮುದ್ರೆ. ಅಷ್ಟೇ.

ಕಾರ್ಡಿನ ದೊಡ್ಡ ಗುಣ ಅದರ ಜಾಗ ಕಡಿಮೆ ಇರುವುದು. ಏಳು ದಿನದ್ದು ಮಾತ್ರ ಹಿಡಿಯುತ್ತದೆ. ವಾರ ಮುಗಿದರೆ ಕೆಲಸ ಮುಗಿಯಿತು. ಬೇಸರ ಬಂದರೆ ಮುಂದಿನ ವಾರ ಬೇರೆ ವಿಷಯ. ನಾನು ಮಾಡಿದ ಒಂದು ಕಾರ್ಡು ಮಂಡಕ್ಕಿಯದು. ನಮ್ಮೂರಲ್ಲಿ ಸಂಜೆ ಯಾರ ಮನೆಗೆ ಹೋದರೂ ಮಂಡಕ್ಕಿ ಬರುತ್ತದೆ, ಜೊತೆಗೆ ಮೆಣಸಿನಕಾಯಿ ಬಜ್ಜಿ. ಯಾರ ಜೊತೆ ತಿಂದೆ ಅನ್ನುವುದಕ್ಕೆ ಬಣ್ಣ, ಎಷ್ಟು ಹೊತ್ತು ಕೂತು ಮಾತಾಡಿದೆವು ಅನ್ನುವುದಕ್ಕೆ ಮಂಡಕ್ಕಿ ಕಾಳಿನ ಉದ್ದ. ಒಂದು ವಾರದಲ್ಲಿ ಒಂಬತ್ತು ಕಾಳು. ಅದರಲ್ಲಿ ಗಂಡನ ಬಣ್ಣದ್ದು ಒಂದೇ ಒಂದು, ಅದೂ ಗಿಡ್ಡ. ಕಾರ್ಡನ್ನು ಅವರಿಗೆ ತೋರಿಸಿದೆ. ಮಾರನೆ ಸಂಜೆ ಅಂಗಡಿಯಿಂದ ಬೇಗ ಬಂದರು.

ಕೊರತೆಯೂ ಇದೆ. ಸ್ಕೆಚ್ ಪೆನ್ ಬಣ್ಣ ಬಿಸಿಲಿಗೆ ನಿಲ್ಲುವುದಿಲ್ಲ. ನನ್ನ ಮೊದಲ ಆರು ಕಾರ್ಡನ್ನು ಪೂರ್ವದ ಕಿಟಕಿ ಎದುರು ಅಂಟಿಸಿದ್ದೆ. ಒಂದೇ ಬೇಸಿಗೆಗೆ ಗುಲಾಬಿ ಬಣ್ಣ ಪೂರ್ತಿ ಹೋಗಿ, ಯಾವ ಗೀಟು ಯಾವುದು ಅಂತಲೇ ತಿಳಿಯದ ಹಾಗಾಯಿತು. ಬಣ್ಣದ ಪೆನ್ಸಿಲ್ ಅದಕ್ಕಿಂತ ವಾಸಿ. ಗೆರೆಗೆ ನೀರಿಗೆ ಕರಗದ ಕಪ್ಪು ಶಾಯಿಯ ಪೆನ್ ತಗೊಳ್ಳಿ. ಬಿಸಿಲು ಬೀಳದ ಗೋಡೆ ನೋಡಿ. ಇನ್ನು ನೂರಕ್ಕಿಂತ ಜಾಸ್ತಿ ಅಂಕಿ ಇದ್ದರೆ ಕಾರ್ಡು ಬಿಟ್ಟು ದೊಡ್ಡ ಡ್ರಾಯಿಂಗ್ ಹಾಳೆಗೆ ಹೋಗಿ.

ಮನೆ ಮುಂದಿನ ರಂಗೋಲಿ

ಇದಕ್ಕೆ ದುಡ್ಡೂ ಬೇಡ, ಬೇರೆ ಹೊತ್ತೂ ಬೇಡ. ದಿನಾ ಹಾಕುತ್ತೀರಿ ಅಲ್ವಾ, ಅದಕ್ಕೇ ಲೆಕ್ಕ ಸೇರಿಸಿ. ನಿನ್ನೆ ರಾತ್ರಿ ಎಷ್ಟು ತಾಸು ನಿದ್ದೆ ಬಂತೋ ಅಷ್ಟು ಎಸಳು. ಸಿಟ್ಟು ಬಂದಿದ್ದರೆ ನಡುವೆ ಕೆಂಪು, ಇಲ್ಲದಿದ್ದರೆ ಬಿಳಿ. ದಿನಾ ಒಂದೇ ಜಾಗದಲ್ಲಿ ನಿಂತು, ಅದೇ ಎತ್ತರದಿಂದ ಫೋಟೋ ತೆಗೆಯಿರಿ. ಮೂವತ್ತು ಫೋಟೋ ಒಂದು ಹಾಳೆಯಲ್ಲಿ ಜೋಡಿಸಿದರೆ ಒಂದು ತಿಂಗಳ ನಿದ್ದೆ ಕಣ್ಣಿಗೆ ಬೀಳುತ್ತದೆ.

ಗುಟ್ಟಿನ ಲೆಕ್ಕಕ್ಕೆ ಇದಕ್ಕಿಂತ ಒಳ್ಳೆಯ ದಾರಿ ನಾನು ಕಂಡಿಲ್ಲ. ಎದುರು ಮನೆಯವರಿಗೆ ಅದು ರಂಗೋಲಿ, ನಿಮಗೆ ಮಾತ್ರ ಲೆಕ್ಕ. ಮಾರನೆ ಬೆಳಿಗ್ಗೆ ಗುಡಿಸಿ ನೀರು ಹಾಕಿದರೆ ಮುಗಿಯಿತು. ಉಳಿಯಬೇಕು ಅನ್ನುವವರಿಗೆ ಇದು ಹೊಂದುವುದಿಲ್ಲ. ಅಪಾರ್ಟ್‌ಮೆಂಟಿನಲ್ಲಿ ಇರುವವರಿಗೂ ಕಷ್ಟ.

ಕೌದಿ

ಇಲ್ಲಿ ಸ್ವಲ್ಪ ನಿಂತು ಹೇಳಬೇಕು. ಯಾಕೆಂದರೆ ಇದು ನಮ್ಮ ಕಡೆ ಮನೆ ಮನೆಯಲ್ಲೂ ಇದ್ದ ಕಲೆ. ಹಳೆ ಸೀರೆ ಅಡಿಗೆ ಹಾಸಿ, ಮೇಲೆ ತುಂಡು ಜೋಡಿಸಿ, ಉದ್ದಕ್ಕೂ ಸಾಲು ಹೊಲಿಗೆ ಹಾಕುವುದು. ಯಾವ ತುಂಡು ಯಾರ ಸೀರೆ, ಯಾವ ಮದುವೆಗೆ ತಂದದ್ದು ಅಂತ ಅಜ್ಜಿಯರು ಬೆರಳಿಟ್ಟು ಹೇಳುತ್ತಿದ್ದರು. ಅದೂ ಬದುಕಿನ ಲೆಕ್ಕವೇ.

ಹರಿಹರದಲ್ಲಿ ನಮ್ಮ ದೊಡ್ಡವ್ವ ಇದ್ದಾರೆ. ಮಗ ಬೆಂಗಳೂರಿನಲ್ಲಿ ಕೆಲಸದಲ್ಲಿದ್ದಾನೆ. ನನ್ನ ಕಾರ್ಡು ನೋಡಿ ಅವರಿಗೂ ಆಸೆಯಾಯಿತು. ಮಗ ಬೆಳಿಗ್ಗೆ ಫೋನ್ ಮಾಡಿದ ದಿನಕ್ಕೆ ಹಳದಿ ತುಂಡು, ರಾತ್ರಿ ಮಾಡಿದ ದಿನಕ್ಕೆ ನೀಲಿ ತುಂಡು, ಮಾಡದ ದಿನಕ್ಕೆ ಬಿಳಿ. ಬಿಳಿಗೆ ತೀರಿಹೋದ ದೊಡ್ಡಪ್ಪನ ಪಂಚೆ ಕತ್ತರಿಸಿದರು. ಕೌದಿ ಅರ್ಧ ಆಗಿದ್ದಾಗ ನಾನು ಹೋಗಿದ್ದೆ. ಒಂದು ಕಡೆ ಬಿಳಿ ತುಂಡು ಸಾಲಾಗಿ ಬಂದಿದ್ದವು.

“ದೊಡ್ಡವ್ವ, ಇಲ್ಲಿ ಯಾಕೆ ಇಷ್ಟು ಬಿಳಿ?”

“ಆವಾಗ ಅವ್ನಿಗೆ ನೈಟ್ ಡ್ಯೂಟಿ ಇತ್ತು ಕಣವ್ವ. ಹದಿನೇಳು ದಿನ. ಫೋನ್ ಬರ್ದಾಗ ಇಷ್ಟು ಗೊತ್ತಾಗಿರ್ಲಿಲ್ಲ. ಒಂದೊಂದೇ ತುಂಡು ಹಚ್ಚುವಾಗ ಗೊತ್ತಾತು, ಎಷ್ಟು ದಿನ ಆಗೇತಿ ಅಂತ.”

ಹೇಳುತ್ತಾ ಆ ಬಿಳಿ ಸಾಲಿನ ಮೇಲೆ ಅಂಗೈ ಸವರಿದರು. ಹೊಲಿಗೆ ಅಲ್ಲಿ ಬೇರೆ ಕಡೆಗಿಂತ ಒತ್ತಾಗಿತ್ತು. ಅಂಕಿ ಕೈಯಲ್ಲಿ ಇರುವುದು ಅಂದರೆ ಏನು ಅಂತ ನಾನು ಕಲಿತದ್ದು ಅಲ್ಲಿ.

ಅಳತೆಯ ಲೆಕ್ಕ ಹೀಗೆ. ಹೊಲಿದ ಮೇಲೆ ನಾಲ್ಕು ಇಂಚಿನ ಚೌಕ ಉಳಿಯುವ ಹಾಗೆ ಕತ್ತರಿಸಿ, ಅಡ್ಡ 15, ಉದ್ದ 25 ಇಟ್ಟರೆ 375 ಚೌಕ. ವರ್ಷದ 365 ದಿನ ಹೋಗಿ ಹತ್ತು ಚೌಕ ಮಿಗುತ್ತವೆ. ಅವನ್ನು ಸೂಚಿಗೆ ಇಟ್ಟುಕೊಳ್ಳಿ. ಕೌದಿ ಐದು ಅಡಿ ಅಗಲ, ಎಂಟು ಅಡಿಗೆ ಸ್ವಲ್ಪ ಜಾಸ್ತಿ ಉದ್ದ ಆಗುತ್ತದೆ, ಮಂಚಕ್ಕೆ ಸರಿಹೋಗುತ್ತದೆ. ಒಂದು ತುಂಡಿಗೆ ಹತ್ತು ನಿಮಿಷ ಹಿಡಿದರೂ ಒಟ್ಟು ಅರವತ್ತು ತಾಸಿನ ಕೆಲಸ, ಸಾಲು ಹೊಲಿಗೆ ಬೇರೆ. ದಿನದ ತುಂಡನ್ನು ಆ ದಿನವೇ ಹಚ್ಚಿದರೆ ಭಾರ ಆಗುವುದಿಲ್ಲ. ಕೂಡಿಟ್ಟರೆ ಮುಗಿಯುವುದೇ ಇಲ್ಲ. ಕೆಂಪು, ಕಡುನೀಲಿ ಬಟ್ಟೆಯನ್ನು ಮೊದಲೇ ಒಗೆದು ಬಣ್ಣ ಬಿಡುತ್ತದಾ ನೋಡಿ. ಬಿಳಿಯ ಪಕ್ಕ ಅದು ಇಳಿದರೆ ಲೆಕ್ಕವೇ ತಪ್ಪುತ್ತದೆ. ಖರ್ಚು ದಾರ ಸೂಜಿಗೆ ಮಾತ್ರ, ಬಟ್ಟೆ ಮನೆಯದೇ.

ಬಟ್ಟೆ ಅಂದರೆ ಹಳೆಕಾಲದ್ದು ಅಂತ ಯಾರಾದರೂ ಅಂದರೆ ಇದನ್ನು ಹೇಳಿ. ಭೂಮಿ ಬಿಸಿಯಾಗುವುದನ್ನು ನೀಲಿಯಿಂದ ಕೆಂಪಿಗೆ ಹೋಗುವ ಪಟ್ಟಿಗಳಲ್ಲಿ ತೋರಿಸುವ ಚಿತ್ರ ನೀವು ನೋಡಿರುತ್ತೀರಿ. ಅದನ್ನು 2018ರಲ್ಲಿ ಮಾಡಿದವರು ಇಂಗ್ಲೆಂಡಿನ ರೆಡಿಂಗ್ ವಿಶ್ವವಿದ್ಯಾಲಯದ ವಿಜ್ಞಾನಿ ಎಡ್ ಹಾಕಿನ್ಸ್. ಅದಕ್ಕೂ ಹಿಂದಿನ ವರ್ಷ ಅಲ್ಲಿಯೇ ಇದ್ದ ವಿಜ್ಞಾನಿ ಎಲೀ ಹೈವುಡ್ ಅದೇ ಲೆಕ್ಕವನ್ನು ಉಣ್ಣೆಯಲ್ಲಿ ಹೆಣೆದು ಹೊದಿಕೆ ಮಾಡಿದ್ದರು. ಹೊದಿಕೆ ಮೊದಲು ಬಂತು.

ಚಿಕ್ಕದಾಗಿ ಮಾಡಬೇಕು ಅನ್ನುವವರು ಕಸೂತಿ ನೋಡಬಹುದು. ಅದರಲ್ಲಿ ಬಟ್ಟೆಯ ಎಳೆ ಎಣಿಸಿಯೇ ಸೂಜಿ ಹಾಕುವುದು, ಹಾಗಾಗಿ ಲೆಕ್ಕ ಅದರ ಒಳಗೇ ಇದೆ. ಒಂದು ತಿಂಗಳ ಲೆಕ್ಕ ಒಂದು ಕರವಸ್ತ್ರದಲ್ಲಿ ಹಿಡಿಯುತ್ತದೆ. ಕಣ್ಣಿಗೆ ಮಾತ್ರ ಕೆಲಸ ಜಾಸ್ತಿ.

ಕಂಪ್ಯೂಟರ್: ಶೀಟ್ ಮತ್ತು ಕೋಡ್

ಕೋಡ್ ಬರದವರು ಗೂಗಲ್ ಶೀಟ್ಸ್‌ನಿಂದ ಶುರು ಮಾಡಿ. ಅಡ್ಡ 31 ಮನೆ, ಉದ್ದ 12 ಸಾಲು. ಅಂಕಿ ತುಂಬಿ, ಫಾರ್ಮ್ಯಾಟ್ ಮೆನುವಿನಲ್ಲಿ ಕಂಡಿಷನಲ್ ಫಾರ್ಮ್ಯಾಟಿಂಗ್‌ಗೆ ಹೋಗಿ ಕಲರ್ ಸ್ಕೇಲ್ ಒತ್ತಿ, ಕಡಿಮೆ ಇದ್ದದ್ದಕ್ಕೆ ತಿಳಿ ಬಣ್ಣ, ಜಾಸ್ತಿ ಇದ್ದದ್ದಕ್ಕೆ ಗಾಢ ಬಣ್ಣ ಆರಿಸಿ. ಅಂಕಿಯ ಅಕ್ಷರಕ್ಕೂ ಕಾಣದ ಹಾಗೆ ಬಣ್ಣ ಕೊಟ್ಟು, ಮನೆಗಳನ್ನು ಚೌಕ ಮಾಡಿದರೆ ವರ್ಷ ಒಂದು ಜಮಖಾನದ ಹಾಗೆ ಕಾಣುತ್ತದೆ. ಅರ್ಧ ತಾಸಿನ ಕೆಲಸ, ಖರ್ಚಿಲ್ಲ. ಆದರೆ ಎಲ್ಲರ ಶೀಟೂ ಒಂದೇ ತರ ಕಾಣುತ್ತದೆ. ನಾನು ಇದನ್ನು ಕೊನೆಯ ಚಿತ್ರಕ್ಕೆ ಬಳಸುವುದಿಲ್ಲ. ಕೌದಿಗೆ ಬಟ್ಟೆ ಕತ್ತರಿಸುವ ಮೊದಲು ಹೇಗೆ ಕಾಣಬಹುದು ಅಂತ ನೋಡಲು ಬಳಸುತ್ತೇನೆ. ಅದಕ್ಕೆ ಇದರಷ್ಟು ಒಳ್ಳೆಯದು ಬೇರೆ ಇಲ್ಲ.

ಸಾವಿರಗಟ್ಟಲೆ ಅಂಕಿ ಇದ್ದವರಿಗೆ, ಬೇರೆ ಯಾರ ಹತ್ತಿರವೂ ಇಲ್ಲದ ರೂಪ ಬೇಕು ಅನ್ನುವವರಿಗೆ ಕೋಡ್ ಸರಿ. ಚಿತ್ರಕಾರರಿಗೆ ಅಂತಲೇ ಮಾಡಿದ ‘ಪ್ರೊಸೆಸಿಂಗ್’ ಅನ್ನುವ ಕೋಡ್ ಭಾಷೆಯನ್ನು 2001ರಲ್ಲಿ ಬೆನ್ ಫ್ರೈ ಮತ್ತು ಕೇಸಿ ರೀಸ್ ಶುರು ಮಾಡಿದರು. ಅದರ ದಾರಿಯಲ್ಲೇ ಲಾರೆನ್ ಮೆಕಾರ್ಥಿ ‘ಪಿ5.ಜೆಎಸ್’ ತಂದರು. ಎರಡೂ ಉಚಿತ. ಪಿ5 ಅನ್ನು ಬ್ರೌಸರ್‌ನಲ್ಲೇ ತೆರೆದು ಬರೆಯಬಹುದು, ಏನೂ ಇನ್‌ಸ್ಟಾಲ್ ಮಾಡಬೇಕಿಲ್ಲ. ಒಂದು ವೃತ್ತ ಬಿಡಿಸುವುದು ಒಂದೇ ಸಾಲು. ಅದನ್ನು ಲೂಪ್ ಒಳಗಿಟ್ಟು, ಅಂದರೆ ಒಂದೇ ಕೆಲಸವನ್ನು ಮತ್ತೆ ಮತ್ತೆ ಮಾಡಿಸುವ ಸಾಲಿನೊಳಗಿಟ್ಟು, ಫೈಲಿನ ಒಂದೊಂದು ಸಾಲಿಗೂ ಒಂದೊಂದು ವೃತ್ತ ಬಿಡಿಸು ಅಂದರೆ ಸಾವಿರ ವೃತ್ತ ಬರುತ್ತವೆ. ಹಿಂದೆ ಮುಂದೆ ಏನೂ ಗೊತ್ತಿಲ್ಲದವರಿಗೆ ಮೊದಲ ಚಿತ್ರ ಬರಲು ನಾಲ್ಕೈದು ಭಾನುವಾರ ಬೇಕು. ಮೊಬೈಲ್‌ನಲ್ಲಿ ಕಷ್ಟ, ಲ್ಯಾಪ್‌ಟಾಪ್ ಇರಲಿ.

ಇಲ್ಲಿ ಹೆಚ್ಚಿನವರು ಮಾಡುವ ಒಂದು ತಪ್ಪು ಇದೆ. ಅಂಕಿ ಎರಡು ಪಟ್ಟು ಆದರೆ ವೃತ್ತದ ಅಡ್ಡಳತೆಯನ್ನೂ ಎರಡು ಪಟ್ಟು ಮಾಡುತ್ತಾರೆ. ಆಗ ವೃತ್ತದ ಹರವು ನಾಲ್ಕು ಪಟ್ಟು ಆಗುತ್ತದೆ, ಕಣ್ಣು ಅಳೆಯುವುದು ಹರವನ್ನು. ಎರಡು ಪಟ್ಟಿಗೆ ಅಡ್ಡಳತೆ ಸುಮಾರು 1.4 ಪಟ್ಟು ಸಾಕು. ಕೈಯಲ್ಲಿ ಬಿಡಿಸುವವರಿಗೂ ಇದೇ ಮಾತು. ಅದು ತಲೆನೋವು ಅನ್ನಿಸಿದರೆ ವೃತ್ತ ಬಿಟ್ಟು ಗೆರೆ ಬಳಸಿ. ಗೆರೆಯ ಉದ್ದ ಮೋಸ ಮಾಡುವುದಿಲ್ಲ.

ಫೋನ್ ತಾನೇ ಎಣಿಸಿಕೊಟ್ಟ ಅಂಕಿಯನ್ನು ಪೂರ್ತಿ ನಂಬಬೇಡಿ. ಫೋನ್ ಟೇಬಲ್ ಮೇಲಿದ್ದರೆ ನೀವು ಮನೆಯೆಲ್ಲ ಓಡಾಡಿದ್ದು ಅದಕ್ಕೆ ಗೊತ್ತಿರುವುದಿಲ್ಲ. ನನ್ನ ಫೋನ್ ಪ್ರಕಾರ ಯುಗಾದಿ ಹಬ್ಬದ ದಿನ ನಾನು ನಡೆದದ್ದು ಮುನ್ನೂರು ಹೆಜ್ಜೆ. ಅವತ್ತು ಬೆಳಿಗ್ಗೆ ನಾಲ್ಕಕ್ಕೆ ಎದ್ದು ರಾತ್ರಿವರೆಗೂ ನಿಂತೇ ಇದ್ದೆ, ಹೋಳಿಗೆಗೆ. ಅಂಥ ದಿನಕ್ಕೆ ಚಿತ್ರದಲ್ಲಿ ಬೇರೆ ಗುರುತು ಹಾಕಿ. ಹಾಗೆಯೇ ಸೊನ್ನೆ ಬೇರೆ, ಬರೆಯದ ದಿನ ಬೇರೆ. ಹಾಲು ಬೇಡ ಅಂದದ್ದು ಸೊನ್ನೆ. ಊರಿಗೆ ಹೋಗಿ ಕ್ಯಾಲೆಂಡರ್ ಮುಟ್ಟದೇ ಇದ್ದದ್ದು ಖಾಲಿ. ಎರಡಕ್ಕೂ ಒಂದೇ ಬಣ್ಣ ಕೊಟ್ಟರೆ ಚಿತ್ರ ಸುಳ್ಳು ಹೇಳುತ್ತದೆ.

ಬೇರೆಯವರ ಕೈಲಿ ಮಾಡಿಸುವುದು

ಗ್ರಾಫಿಕ್ ಡಿಸೈನರ್ ಕೈಲಿ ಮಾಡಿಸಿದರೆ ನೋಡಲು ಚೆಂದ ಬರುತ್ತದೆ, ಖರ್ಚು ಸಾವಿರಗಳಲ್ಲಿ. ಮದುವೆಯ ಇಪ್ಪತ್ತೈದು ವರ್ಷಕ್ಕೆ ಉಡುಗೊರೆ ಕೊಡಬೇಕು ಅಂದರೆ ಆಗಲಿ. ನಮ್ಮೂರಲ್ಲೇ ದೃಶ್ಯಕಲಾ ಮಹಾವಿದ್ಯಾಲಯ ಇದೆ. ಅಲ್ಲಿ ಓದಿದ ಮಕ್ಕಳು ಇಂಥ ಕೆಲಸವನ್ನು ಕೈಯಾರೆ ಬಿಡಿಸಿಕೊಡಬಲ್ಲರು. ಅವರ ಕೈಗೆ ತಕ್ಕ ಸಂಬಳ ಕೊಡಿ, ಚೌಕಾಸಿ ಬೇಡ.

ಈಗ ಎಐಗೆ ಹೇಳಿದರೆ ಚಿತ್ರ ಬರುತ್ತದಲ್ಲ ಅಂತ ಕೇಳುತ್ತಾರೆ. ಬಣ್ಣ ಬಣ್ಣದ ಚಿತ್ರವೇನೋ ಬರುತ್ತದೆ. ಒಮ್ಮೆ ನನ್ನ ಮೂವತ್ತು ದಿನದ ನಿದ್ದೆ ಲೆಕ್ಕ ಕೊಟ್ಟು ನೋಡಿದೆ. ಹೂವಿನ ಚಿತ್ರ ತುಂಬಾ ಅಂದವಾಗಿತ್ತು. ಎಣಿಸಿದರೆ ಎಸಳು ಯಾವ ದಿನಕ್ಕೂ ಹೊಂದಲಿಲ್ಲ, ಹೂವು ಮೂವತ್ತೂ ಇರಲಿಲ್ಲ. ಕೋಡ್ ಬರೆಯಲು ಅದರ ಸಹಾಯ ತಗೊಳ್ಳಿ, ಆ ಕೋಡ್ ನಿಮ್ಮ ಅಂಕಿಯನ್ನು ಇದ್ದ ಹಾಗೇ ಬಿಡಿಸುತ್ತದಾ ಅಂತ ನಾಲ್ಕೈದು ದಿನದ್ದು ಎಣಿಸಿ ನೋಡಿ. ಚಿತ್ರವನ್ನೇ ಅದರ ಕೈಲಿ ಬರೆಸಬೇಡಿ. ಮನೆಯವರ ಆರೋಗ್ಯದ ಲೆಕ್ಕ, ಬ್ಯಾಂಕ್ ಲೆಕ್ಕವನ್ನಂತೂ ಯಾವುದಕ್ಕೂ ಅಪ್‌ಲೋಡ್ ಮಾಡಬೇಡಿ.

ಪ್ರಿಂಟ್ ಹಾಕಿಸುವವರಿಗೆ ಒಂದು ಎಚ್ಚರಿಕೆ. ಎ3 ಹಾಳೆಗೆ ಚಿತ್ರ 3508ಕ್ಕೆ 4961 ಪಿಕ್ಸೆಲ್ ಇದ್ದರೆ ಅಂಚು ಚೊಕ್ಕ ಬರುತ್ತದೆ. ಫೈಲನ್ನು ಪಿಡಿಎಫ್ ಅಥವಾ ಪಿಎನ್‌ಜಿ ಮಾಡಿಯೇ ಕೊಡಿ. ನಾನು ಒಮ್ಮೆ ಅಕ್ಷರಗಳನ್ನು ಹಾಗೇ ಕಳಿಸಿದೆ. ಹಳೆಯ ಸಾಫ್ಟ್‌ವೇರ್‌ನಲ್ಲಿ ಯೂನಿಕೋಡ್ ಕನ್ನಡ ಒಡೆದು, ಒತ್ತಕ್ಷರ ಎಲ್ಲ ಪಕ್ಕಕ್ಕೆ ಬಂದು ನಿಂತಿದ್ದವು. ಎರಡನೇ ಸಲ ದುಡ್ಡು ಕೊಟ್ಟು ಹಾಕಿಸಬೇಕಾಯಿತು. ಫ್ಲೆಕ್ಸ್ ಅಗ್ಗ, ಆದರೆ ಹೊಳಪು ಜಾಸ್ತಿ, ಮನೆಯೊಳಗೆ ಕಣ್ಣಿಗೆ ಹಿತ ಅನ್ನಿಸುವುದಿಲ್ಲ. ದಪ್ಪ ಮ್ಯಾಟ್ ಹಾಳೆ ತಗೊಂಡು ಫ್ರೇಮ್ ಹಾಕಿಸಿ.

ಆ ಮೂವರಿಗೆ ಹೇಳಿದ್ದು

ಚಿತ್ರದುರ್ಗದ ಹುಡುಗನಿಗೆ ಕೋಡ್ ಅಂದೆ. ಮೂರು ವರ್ಷ ಅಂದರೆ ಸಾವಿರಕ್ಕೆ ಮೇಲೆ ಅಂಕಿ. ಅಮೆರಿಕದ ನಿಕೋಲಸ್ ಫೆಲ್ಟನ್ 2005ರಿಂದ 2014ರವರೆಗೆ ತನ್ನ ಬದುಕಿನದೇ ವಾರ್ಷಿಕ ವರದಿ ಮಾಡಿ ಪ್ರಿಂಟ್ ಹಾಕುತ್ತಿದ್ದರು. ಆ ಸಂಯಮ ಈ ಹುಡುಗನಿಗೂ ಇದೆ ಅನ್ನಿಸಿತು. ಆದರೆ ಒಂದು ಶರತ್ತು ಹಾಕಿದೆ. ಮೊದಲು ಒಂದೇ ಒಂದು ತಿಂಗಳದ್ದನ್ನು ಪೆನ್ಸಿಲ್‌ನಲ್ಲಿ ಬಿಡಿಸು, ಆಮೇಲೆ ಲ್ಯಾಪ್‌ಟಾಪ್ ತೆರೆ. ಅವನು ಬಿಡಿಸಿ ಕಳಿಸಿದ. ಕೋಟೆ ಹತ್ತಿದ ಭಾನುವಾರಗಳ ಗೆರೆ ಬೇರೆ ದಿನದ್ದಕ್ಕಿಂತ ಉದ್ದ ಇತ್ತು. “ಅಕ್ಕ, ಬರೀ ಹೆಜ್ಜೆ ಎಣಿಸಿದರೆ ಹತ್ತಿದ್ದು ಕಾಣಲ್ಲ, ಎತ್ತರಕ್ಕೂ ಒಂದು ಬಣ್ಣ ಬೇಕು” ಅಂದ. ಪೆನ್ಸಿಲ್ ಹಿಡಿಯದಿದ್ದರೆ ಅದು ಅವನಿಗೆ ಹೊಳೆಯುತ್ತಿತ್ತಾ ಗೊತ್ತಿಲ್ಲ.

ವಿನೋಬ ನಗರದ ಅಕ್ಕನ ಗಂಡ ಒಪ್ಪಿದ್ದಾರಾ ಅಂತ ಮೊದಲು ಕೇಳಿದೆ. ಒಪ್ಪಿದ್ದರು. ವಾರಕ್ಕೆ ಒಂದು ಸಲದ ಲೆಕ್ಕ, ವರ್ಷಕ್ಕೆ 52 ಅಂಕಿ. ಕೌದಿ ಬೇಡ, ಅಷ್ಟು ಬಿಡುವು ಅವರಿಗಿಲ್ಲ. ಕೋಡೂ ಬೇಡ. ಒಂದು ಡ್ರಾಯಿಂಗ್ ಹಾಳೆಯಲ್ಲಿ ಒಂದು ಬಳ್ಳಿ, ವಾರಕ್ಕೊಂದು ಎಲೆ. ಡಾಕ್ಟರ್ ಹೇಳಿದ ಮಿತಿಯೊಳಗಿದ್ದರೆ ಹಸಿರು, ಮೇಲಿದ್ದರೆ ಹಳದಿ. ಕೆಂಪು ಬಳಸಬೇಡಿ ಅಂದೆ, ದಿನಾ ಕಣ್ಣಿಗೆ ಬೀಳುವ ಚಿತ್ರದಲ್ಲಿ ಕೆಂಪು ಬೈದ ಹಾಗೆ ಕಾಣುತ್ತದೆ. ಗೋಡೆ ಮೇಲೆ ನೋಡಿದ ನೆಂಟರಿಗೆ ಅದು ಬಳ್ಳಿ. ಫ್ರೇಮ್ ಸೇರಿ ನಾನೂರರ ಒಳಗೆ ಮುಗಿಯಿತು. ಒಂದು ಮಾತು ಮಾತ್ರ ಒತ್ತಿ ಹೇಳಿದೆ: ಔಷಧಿ ಬದಲಾಯಿಸುವುದಕ್ಕೆ ಎಲೆ ನೋಡಬೇಡಿ, ಡಾಕ್ಟರಿಗೆ ಅಂಕಿಯ ಪುಸ್ತಕವನ್ನೇ ತೋರಿಸಿ.

ಹಿರಿಯೂರಿನ ಯಜಮಾನರಿಗೆ ಗೋಡೆಯನ್ನೇ ಬಳಸಿ ಅಂದೆ. ಎಂಟು ವರ್ಷ, ವಾರಕ್ಕೊಂದು ಗೆರೆ ಅಂದರೆ 416 ಗೆರೆ. ಹಾಳೆಯಲ್ಲಿ ಬರೆದರೆ ಚಿಕ್ಕದಾಗುತ್ತದೆ, ಪ್ರಿಂಟ್ ಹಾಕಿಸಿದರೆ ಹೊಸ ಮನೆಗೆ ಬ್ಯಾನರ್ ಕಟ್ಟಿದ ಹಾಗಾಗುತ್ತದೆ. ಬೋರ್ಡ್ ಬರೆಯುವ ಪೇಂಟರ್ ಇದ್ದರೆ ಎರಡು ದಿನದ ಕೂಲಿಯಲ್ಲಿ ಆಗುವ ಕೆಲಸ. ವರ್ಷಕ್ಕೊಂದು ಸಾಲು, ಮೋಟಾರ್ ಓಡಿದ ತಾಸಿನಷ್ಟು ಗೆರೆಯ ಎತ್ತರ. ಹಿಂದೆ ತಿಳಿ ನೀಲಿಯಲ್ಲಿ ಮಾರಿಕಣಿವೆ ಅಣೆಕಟ್ಟೆಯ ನೀರಿನ ಮಟ್ಟ ಹಾಕಿಸಿ ಅಂದೆ. ಪತ್ರಿಕೆಯಲ್ಲಿ ಬರುವ ಅಂಕಿ ಅವರ ಡೈರಿಯಲ್ಲೇ ಪಕ್ಕಕ್ಕೆ ಬರೆದಿತ್ತು. 1907ರಲ್ಲಿ ಕಟ್ಟಿ ಮುಗಿದ ಆ ಕಟ್ಟೆ 1933ರಲ್ಲಿ ಒಮ್ಮೆ ಕೋಡಿ ಬಿದ್ದದ್ದು ಬಿಟ್ಟರೆ ಮತ್ತೆ ಕೋಡಿ ಬಿದ್ದದ್ದು 2022ರಲ್ಲಿ, 89 ವರ್ಷ ಆದ ಮೇಲೆ. 130 ಅಡಿಗೆ ನೀಲಿ ಮುಟ್ಟುವ ಆ ಜಾಗದಲ್ಲಿ ಅವರ ಗೆರೆಗಳು ನೆಲಕ್ಕೆ ಇಳಿದಿವೆ. ತನ್ನ ಬೋರ್‌ವೆಲ್ಲಿನ ಲೆಕ್ಕವೂ ಊರಿನ ನೀರಿನ ಲೆಕ್ಕವೂ ಒಂದೇ ಗೋಡೆ ಮೇಲೆ ಬಂತು ಅಂತ ಅವರಿಗೆ ಬಹಳ ಖುಷಿ. ಮುಂದಿನ ವರ್ಷಗಳಿಗೆ ಅಂತ ಕೆಳಗೆ ಮೂರು ಸಾಲಿನ ಜಾಗ ಖಾಲಿ ಬಿಡಿಸಿದ್ದಾರೆ.

ನೀವು ಇನ್ನೂ ಬರೆಯಲು ಶುರುವೇ ಮಾಡಿಲ್ಲ ಅಂದರೆ ದಾರಿ ಆರಿಸುವುದನ್ನು ಹದಿನೈದು ದಿನ ಮುಂದಕ್ಕೆ ಹಾಕಿ. ಅಷ್ಟು ದಿನ ಒಂದು ವಿಷಯ ಮಾತ್ರ ಕ್ಯಾಲೆಂಡರ್ ಮೇಲೆ ಗುರುತು ಮಾಡಿ. ಹದಿನೈದರಲ್ಲಿ ಹತ್ತು ದಿನ ಮರೆಯದೆ ಬರೆದಿದ್ದರೆ ಕೌದಿಗೆ ಬಟ್ಟೆ ತೆಗೆದಿಡಿ. ಮರೆತ ದಿನವೇ ಜಾಸ್ತಿ ಇದ್ದರೆ ಅಂಚೆ ಕಾರ್ಡು ತನ್ನಿ. ಯಾವುದನ್ನೇ ಮಾಡಿ, ಯಾವ ಬಣ್ಣಕ್ಕೆ ಏನು ಅನ್ನುವ ಸೂಚಿಯನ್ನು ಚಿತ್ರದ ಹಿಂದೆ ಬರೆದಿಡಿ, ಎರಡು ವರ್ಷಕ್ಕೆ ನಿಮಗೇ ಮರೆತುಹೋಗುತ್ತದೆ. ದೊಡ್ಡವ್ವ ಮಿಗಿಸಿದ್ದ ಹತ್ತು ಚೌಕದಲ್ಲಿ ಮೂರಕ್ಕೆ ಹಳದಿ, ನೀಲಿ, ಬಿಳಿ ತುಂಡು ಹಚ್ಚಿ, ಪಕ್ಕದಲ್ಲಿ ಕಪ್ಪು ದಾರದಲ್ಲಿ ‘ಮುಂಜಾನೆ’, ‘ರಾತ್ರಿ’, ‘ಇಲ್ಲ’ ಅಂತ ಹೊಲಿದಿದ್ದಾರೆ. ಓದು ಬರಹ ಜಾಸ್ತಿ ಬರುವುದಿಲ್ಲ ಅವರಿಗೆ. ಅಕ್ಷರವನ್ನು ಮೊಮ್ಮಗಳು ಪೆನ್ಸಿಲ್‌ನಲ್ಲಿ ಬರೆದುಕೊಟ್ಟಿದ್ದಳು.